ಚಾಮಯ್ಯ ಮೇಷ್ಟ್ರಿಗಾಗಿ ನಾನು ಅಳುವುದಿಲ್ಲ

ವಿಜಯನಗರದ ನಮ್ಮ ಮನೆಯ ಗೋಡೆಯ ಮೇಲೆ ಎರಡು ಫೋಟೋಗಳಿವೆ. ಒಂದು ಬಸವಣ್ಣನವರದು, ಇನ್ನೊಂದು ವಿಷ್ಣುವರ್ಧನ್ ಅವರದು. ಅಪ್ಪ ಕಾಮಾಕ್ಷಿಪಾಳ್ಯದ ಒಂದು ಶೆಡ್ಡಿನಲ್ಲಿ ಮೂವತ್ತು ವರ್ಷ ಲೇತ್ ಮೆಷಿನ್ ಓಡಿಸಿದವರು. ಬೆಳಿಗ್ಗೆ ಸ್ನಾನ ಮಾಡಿ, ವಿಭೂತಿ ಹಚ್ಚಿಕೊಂಡು ಮೊದಲ ಫೋಟೋಕ್ಕೆ ಕೈಮುಗಿಯುತ್ತಾರೆ, ಎರಡನೆಯದರ ಧೂಳು ಒರೆಸುತ್ತಾರೆ. 2009ರ ಡಿಸೆಂಬರ್ 30ರಂದು ವಿಷ್ಣುವರ್ಧನ್ ತೀರಿಕೊಂಡು, ಕೆಂಗೇರಿ ಬಳಿಯ ಅಭಿಮಾನ್ ಸ್ಟುಡಿಯೋದಲ್ಲಿ ಅಂತ್ಯಕ್ರಿಯೆ ನಡೆದಾಗ ಅಪ್ಪ ಮೈಸೂರು ರಸ್ತೆಯ ಜನಸಾಗರದಲ್ಲಿ ನಡೆದೇ ಹೋಗಿದ್ದರು. 2025ರ ಆಗಸ್ಟ್‌ನಲ್ಲಿ ಅದೇ ಸ್ಟುಡಿಯೋದ ಸಮಾಧಿಯನ್ನು ರಾತ್ರೋರಾತ್ರಿ ನೆಲಸಮ ಮಾಡಿದರೆಂಬ ಸುದ್ದಿ ಬಂದ ದಿನ ಅವರು ಊಟ ಮಾಡಲಿಲ್ಲ. ಆ ಭಾನುವಾರ ಟೀವಿಯಲ್ಲಿ ‘ನಾಗರಹಾವು’ ಹಾಕಿಕೊಂಡು ಕೂತರು. ನಾನೂ ಕೂತೆ.

ಕೊನೆಯ ದೃಶ್ಯ ಬಂದಾಗ ಅಪ್ಪ ಎಂದಿನಂತೆ ಅತ್ತರು. ಚಾಮಯ್ಯ ಮೇಷ್ಟ್ರು ಬೆಟ್ಟದಿಂದ ಬಿದ್ದಾಗ ಅಮ್ಮನೂ ಸೆರಗಿನಿಂದ ಕಣ್ಣೊರೆಸಿಕೊಂಡರು. ನಾನು ಅಳಲಿಲ್ಲ. ಚಿಕ್ಕಂದಿನಿಂದ ಈ ಸಿನಿಮಾ ನೋಡುವಾಗಲೆಲ್ಲ ಅಳುತ್ತಿದ್ದವಳಿಗೆ ಈ ಸಲ ಸಿಟ್ಟು ಬಂತು. ಯಾಕೆಂದರೆ ಅದಕ್ಕೆ ಎರಡು ತಿಂಗಳ ಹಿಂದೆ ನಮ್ಮ ಮನೆಗೂ ಒಬ್ಬರು ಚಾಮಯ್ಯ ಮೇಷ್ಟ್ರು ಬಂದು ಹೋಗಿದ್ದರು.

ಮೊದಲು ಸಿನಿಮಾದ ಕತೆಯನ್ನೇ ನೋಡೋಣ. ಎಲ್ಲರಿಗೂ ಗೊತ್ತಿರುವ ಕತೆ. ಆದರೆ ನಮಗೆ ಗೊತ್ತಿದೆ ಎಂದುಕೊಂಡ ಕತೆಯನ್ನೇ ನಾವು ಸರಿಯಾಗಿ ಕೇಳಿಸಿಕೊಂಡಿರುವುದಿಲ್ಲ.

ತ.ರಾ. ಸುಬ್ಬರಾವ್ ಅವರ ‘ನಾಗರಹಾವು’, ‘ಒಂದು ಗಂಡು ಎರಡು ಹೆಣ್ಣು’, ‘ಸರ್ಪಮತ್ಸರ’ ಎಂಬ ಮೂರು ಕಾದಂಬರಿಗಳನ್ನು ಒಟ್ಟು ಮಾಡಿ ಪುಟ್ಟಣ್ಣ ಕಣಗಾಲ್ ತೆಗೆದ ಸಿನಿಮಾ ಇದು. 1972ರ ಡಿಸೆಂಬರ್‌ನಲ್ಲಿ ಬಿಡುಗಡೆಯಾಯಿತು. ವಿಷ್ಣುವರ್ಧನ್ ನಾಯಕನಾಗಿ ಕಾಣಿಸಿಕೊಂಡದ್ದು, ಅಂಬರೀಶ್ ಜಲೀಲನಾಗಿ ತೆರೆಗೆ ಬಂದದ್ದು ಇದರಲ್ಲೇ. ಚಿತ್ರದುರ್ಗದ ರಾಮಾಚಾರಿ ಮುಂಗೋಪಿ ಹುಡುಗ. ಯಾರ ಮಾತಿಗೂ ಬಗ್ಗದ ಅವನು ಬಗ್ಗುವುದು ಪ್ರಾಥಮಿಕ ಶಾಲೆಯಲ್ಲಿ ಕಲಿಸಿದ ಚಾಮಯ್ಯ ಮೇಷ್ಟ್ರಿಗೆ ಮಾತ್ರ. ಗೆಳೆಯ ವರದನ ತಂಗಿ ಅಲಮೇಲುವನ್ನು ಅವನು ಪ್ರೀತಿಸುತ್ತಾನೆ, ಅವಳೂ ಪ್ರೀತಿಸುತ್ತಾಳೆ. ಜಾತಿ ಅಡ್ಡ ಬರುತ್ತದೆ. ಮನೆಯವರು ಹೋಗಿ ಹಿಡಿಯುವುದು ಮೇಷ್ಟ್ರನ್ನು. ಮೇಷ್ಟ್ರು ಶಿಷ್ಯನ ಮನವೊಲಿಸುತ್ತಾರೆ, ಶಿಷ್ಯ ಗುರುವಿನ ಮಾತಿಗೆ ಪ್ರೀತಿಯನ್ನು ಬಿಡುತ್ತಾನೆ. ಅಲಮೇಲು ಇನ್ನೊಬ್ಬನನ್ನು ಮದುವೆಯಾಗುತ್ತಾಳೆ, ಆ ಗಂಡನೇ ಅವಳನ್ನು ಮಾರುತ್ತಾನೆ. ಎಷ್ಟೋ ಕಾಲದ ನಂತರ ರಾಮಾಚಾರಿ ಅವಳನ್ನು ಒಂದು ಹೋಟೆಲಿನಲ್ಲಿ ಕಾಣುತ್ತಾನೆ, ಮೈ ಮಾರಿಕೊಳ್ಳುವವಳಾಗಿ. ಅಷ್ಟರಲ್ಲಿ ಅವನ ಬಾಳಿಗೆ ಮಾರ್ಗರೆಟ್ ಬಂದಿರುತ್ತಾಳೆ. ಈಗ ಅಡ್ಡ ಬರುವುದು ಧರ್ಮ. ಈಗಲೂ ಮೇಷ್ಟ್ರೇ ಬರುತ್ತಾರೆ. ಈ ಸಲ ಶಿಷ್ಯ ಒಪ್ಪುವುದಿಲ್ಲ. ಬೆಟ್ಟದ ಮೇಲಿನ ಆ ಜಗಳದಲ್ಲಿ ಮೇಷ್ಟ್ರು ಬಿದ್ದು ಸಾಯುತ್ತಾರೆ. ಗುರುವನ್ನು ಕೊಂದೆ ಎಂಬ ಸಂಕಟದಲ್ಲಿ ರಾಮಾಚಾರಿ ಮಾರ್ಗರೆಟ್ ಜೊತೆ ಅದೇ ಬೆಟ್ಟದಿಂದ ಹಾರುತ್ತಾನೆ.

ಲೆಕ್ಕ ಹಾಕಿ. ಮೂವರು ಸತ್ತರು, ಒಬ್ಬಳು ಬದುಕಿದ್ದೂ ಸತ್ತಳು. ಇದಕ್ಕೆಲ್ಲ ಕಾರಣ ಏನು ಎಂದು ಐವತ್ತು ವರ್ಷಗಳಿಂದ ಕೇಳುತ್ತಾ ಬಂದರೆ ಸಿಗುವ ಉತ್ತರ ಒಂದೇ: ರಾಮಾಚಾರಿಯ ಕೋಪ. ಸಿನಿಮಾದ ಹೆಸರೇ ಆ ತೀರ್ಪು ಕೊಟ್ಟುಬಿಟ್ಟಿದೆ. ಹುಡುಗ ಹಾವು, ಹಾವಿಗೆ ದ್ವೇಷ, ದ್ವೇಷಕ್ಕೆ ಸಾವು. ಮೇಷ್ಟ್ರೋ, ದೇವರಂಥವರು. ಗುರುಶಿಷ್ಯ ಸಂಬಂಧ ಎಂದರೆ ಇವತ್ತಿಗೂ ಕನ್ನಡದಲ್ಲಿ ಕೆ.ಎಸ್. ಅಶ್ವಥ್ ಅವರ ಆ ಮುಖವೇ ಕಣ್ಣೆದುರು ಬರುವುದು. ಶಿಕ್ಷಕರ ದಿನಾಚರಣೆಯ ಭಾಷಣಗಳಲ್ಲಿ ಚಾಮಯ್ಯ ಮೇಷ್ಟ್ರು ಬರುತ್ತಾರೆ. ಅಲಮೇಲು ಯಾವ ಭಾಷಣದಲ್ಲೂ ಬರುವುದಿಲ್ಲ.

ನನ್ನ ತಕರಾರು ಇದು. ‘ನಾಗರಹಾವು’ ನಾವು ಅಂದುಕೊಂಡ ಹಾಗೆ ಕೋಪದ ದುರಂತ ಅಲ್ಲ. ಅದು ಜಾತಿಯ ದುರಂತ. ಅದರಲ್ಲಿ ವಿಷ ಇದ್ದದ್ದು ಬುಸುಗುಟ್ಟುವ ಹುಡುಗನಲ್ಲಿ ಅಲ್ಲ, ಮೆಲ್ಲಗೆ ಮಾತಾಡುವ ಹಿರಿಯರಲ್ಲಿ. ಅಪರಾಧಿಯ ಹೆಸರನ್ನು ನುಂಗಿಕೊಂಡು ನಮ್ಮನ್ನು ಅಳಿಸುವ ದುರಂತ ಕತೆ ಯಾರಿಗೂ ಏನೂ ಕಲಿಸುವುದಿಲ್ಲ. ಅತ್ತು, ಕಣ್ಣೊರೆಸಿಕೊಂಡು, ಮರುದಿನ ಮಗಳಿಗೆ ಅದೇ ಮಾತು ಹೇಳುವ ಹಗುರವನ್ನಷ್ಟೇ ಕೊಡುತ್ತದೆ.

ಈ ಮಾತಿಗೆ ನನ್ನನ್ನು ತಂದದ್ದು ಇಂಡೋನೇಷ್ಯಾದ ಒಂದು ಸಿನಿಮಾ. ಕಾದಂಬರಿಗಳು ಸಿನಿಮಾ ಆಗುವ ಬಗೆಯನ್ನು ಕುರಿತು ನನ್ನ ಪಿಎಚ್‌ಡಿ. ಅದರ ಓದಿನ ದಾರಿಯಲ್ಲಿ ಸಿಕ್ಕಿದ್ದು ಹಮ್ಕಾ ಎಂಬ ಲೇಖಕ. 1908ರಲ್ಲಿ ಪಶ್ಚಿಮ ಸುಮಾತ್ರಾದಲ್ಲಿ ಹುಟ್ಟಿದ ಈತ ದೊಡ್ಡ ಇಸ್ಲಾಮಿಕ್ ವಿದ್ವಾಂಸ, ಮುಂದೆ ಆ ದೇಶದ ಉಲೇಮಾ ಮಂಡಳಿಯ ಮೊದಲ ಅಧ್ಯಕ್ಷನಾದವನು. ಯುವಕನಾಗಿದ್ದಾಗ, 1938ರಲ್ಲಿ, ಮೆಡಾನ್ ನಗರದ ಒಂದು ವಾರಪತ್ರಿಕೆಯಲ್ಲಿ ಧಾರಾವಾಹಿಯಾಗಿ ಒಂದು ಪ್ರೇಮಕತೆ ಬರೆದ. ಹೆಸರು ‘ವಾನ್ ದರ್ ವೈಕ್ ಹಡಗಿನ ಮುಳುಗಡೆ’ ಎಂದಾಗುತ್ತದೆ ಕನ್ನಡದಲ್ಲಿ. ಆ ಹಡಗು ಕಟ್ಟುಕತೆಯದಲ್ಲ. 1936ರ ಅಕ್ಟೋಬರ್‌ನಲ್ಲಿ ಜಾವಾದ ಉತ್ತರ ಕರಾವಳಿಯಲ್ಲಿ ನಿಜವಾಗಿಯೂ ಮುಳುಗಿದ ಡಚ್ ಹಡಗು. 2013ರಲ್ಲಿ ಸುನಿಲ್ ಸೊರಾಯ ಇದನ್ನು ಸಿನಿಮಾ ಮಾಡಿದರು. ಅಲ್ಲಿನ ಜನ ಮುಗಿಬಿದ್ದು ನೋಡಿದರು, ನಮ್ಮವರು ‘ನಾಗರಹಾವು’ ನೋಡಿದ ಹಾಗೆಯೇ.

ಕತೆ ಇಷ್ಟು. ಜೈನುದ್ದೀನನ ತಂದೆ ಮಿನಂಕಬಾವು ಸಮುದಾಯದವನು, ತಾಯಿ ಮಕಾಸ್ಸರ್ ಕಡೆಯವಳು. ಮಿನಂಕಬಾವುಗಳಲ್ಲಿ ನಮ್ಮ ತುಳುನಾಡಿನ ಅಳಿಯಕಟ್ಟಿನ ಹಾಗೆ ಕುಲ ಸಾಗುವುದು ತಾಯಿಯ ಕಡೆಯಿಂದ. ತಾಯಿ ಹೊರಗಿನವಳಾದರೆ ಮಗನಿಗೆ ಕುಲವೇ ಇಲ್ಲ. ಮಕಾಸ್ಸರ್‌ನಲ್ಲಿ ಜನ ಅವನನ್ನು ಆ ಕಡೆಯವನು ಎನ್ನುತ್ತಾರೆ, ತಂದೆಯ ಊರಿಗೆ ಬಂದರೆ ಇಲ್ಲಿಯವರು ಈ ಕಡೆಯವನು ಎನ್ನುತ್ತಾರೆ. ಅವನು ಹಯಾತಿಯನ್ನು ಪ್ರೀತಿಸುತ್ತಾನೆ. ಅವಳ ಕುಲದ ಹಿರಿಯರು ಸಭೆ ಸೇರಿ, ಇವನಿಗೆ ಹೆಣ್ಣು ಕೊಡುವಂತಿಲ್ಲ ಎಂದು ತೀರ್ಮಾನಿಸಿ, ಶುದ್ಧ ಕುಲದ ಸಿರಿವಂತ ಅಜೀಜನಿಗೆ ಕೊಡುತ್ತಾರೆ. ಜೈನುದ್ದೀನ್ ಜಾವಾಕ್ಕೆ ಹೋಗಿ ಹೆಸರುವಾಸಿ ಲೇಖಕನಾಗುತ್ತಾನೆ. ಅಜೀಜ್ ಎಲ್ಲ ಕಳೆದುಕೊಂಡು, ಹೆಂಡತಿಯನ್ನು ಜೈನುದ್ದೀನನ ಕೈಗೊಪ್ಪಿಸಿ ಸಾಯುತ್ತಾನೆ. ಆದರೆ ಜೈನುದ್ದೀನ್ ಹಳೆಯ ಗಾಯದ ಅಭಿಮಾನದಲ್ಲಿ ಹಯಾತಿಯನ್ನು ಒಪ್ಪದೆ ಊರಿಗೆ ಕಳಿಸುತ್ತಾನೆ. ಅವಳು ಹತ್ತಿದ್ದು ಆ ಹಡಗನ್ನು.

ಈ ಕಾದಂಬರಿಯಲ್ಲೂ ಅಳು ಬೇಕಾದಷ್ಟಿದೆ. ಆದರೆ ಓದಿ ಮುಗಿಸಿದಾಗ ಯಾರು ಕೊಂದರು ಎಂಬ ಬಗ್ಗೆ ಯಾರಿಗೂ ಅನುಮಾನ ಉಳಿಯುವುದಿಲ್ಲ. ಸಮುದ್ರ ಕೊಂದಿದ್ದಲ್ಲ. ಡಚ್ಚರ ಹಡಗು ಕೊಂದಿದ್ದಲ್ಲ. ಕೊಂದಿದ್ದು ಅದತ್, ಅಂದರೆ ಕಟ್ಟುಪಾಡು. ನಮ್ಮ ದಖ್ಖನಿಯವರ ಬಾಯಲ್ಲಿ ಅಭ್ಯಾಸ ಎಂಬ ಅರ್ಥದಲ್ಲಿ ಬರುವ ‘ಆದತ್’ ಕೂಡ ಅದೇ ಅರಬ್ಬಿ ಮೂಲದ ಪದ. ಕಟ್ಟುಪಾಡು ಎಂದರೆ ಬಹಳ ಕಾಲದ ಚಾಳಿ, ಅಷ್ಟೆ. ಹಮ್ಕಾ ಬರೆದದ್ದು ಯಾರದೋ ಕಟ್ಟುಪಾಡಿನ ಬಗ್ಗೆಯಲ್ಲ, ತಾನು ಹುಟ್ಟಿದ ಮಿನಂಕಬಾವು ಸಮುದಾಯದ ಬಗ್ಗೆ. ನಮ್ಮ ಮನೆಯ ಹಿರಿಯರು ಕುಳಿತು ಒಬ್ಬ ಹುಡುಗಿಯ ಬಾಳನ್ನು ಹೀಗೆ ಮುರಿದರು ಎಂದು ಸಭೆಯನ್ನೇ ತೋರಿಸಿ ಬರೆದ. ಧರ್ಮಗುರುವಾಗಬೇಕಾದವನು ಪ್ರೇಮಕತೆ ಬರೆಯುತ್ತಾನೆಂದು ಬೈಸಿಕೊಂಡ.

ಹಮ್ಕಾನನ್ನು ಹೊಗಳಿ ನಮ್ಮವರನ್ನು ತೆಗಳುವುದು ನನ್ನ ಉದ್ದೇಶವಲ್ಲ. ಅವನ ಕಾದಂಬರಿಯಲ್ಲೂ ಕೊನೆಗೆ ದಂಡ ತೆರುವುದು ಹೆಣ್ಣೇ. ಹಿರಿಯರು ಹಯಾತಿಯನ್ನು ಕೇಳಲಿಲ್ಲ, ಗಂಡ ಕೇಳಲಿಲ್ಲ, ಪ್ರೀತಿಸಿದವನೂ ಕೇಳಲಿಲ್ಲ. ಆದರೂ ಆ ಕತೆ ಕಣ್ಣೀರಿಗೆ ಒಂದು ವಿಳಾಸ ಬರೆದುಕೊಡುತ್ತದೆ. ‘ನಾಗರಹಾವು’ ವಿಳಾಸವಿಲ್ಲದ ಕಾಗದ. ಅದನ್ನು ಯಾರ ಮನೆಯಲ್ಲೂ ಯಾರೂ ತಮಗೆ ಬಂದದ್ದು ಎಂದು ಒಡೆದು ಓದುವುದಿಲ್ಲ.

ಸಿನಿಮಾ ಬಂದಾಗಲೂ ನಾವು ಬೇರೆಯೇ ಜಗಳ ಆಡಿದೆವು. ನನ್ನ ನಾಗರಹಾವನ್ನು ಪುಟ್ಟಣ್ಣ ಕೇರೆಹಾವು ಮಾಡಿದರು ಎಂದು ತರಾಸು ಬೇಸರಪಟ್ಟದ್ದು ಕನ್ನಡ ಚಿತ್ರರಂಗದ ಹಳೆಯ ಮಾತು. ಅಂದಿನಿಂದ ಲೇಖಕ ಸರಿಯೋ, ನಿರ್ದೇಶಕ ಸರಿಯೋ ಎಂಬ ಚರ್ಚೆ ನಡೆದೇ ಇದೆ. ಕಾದಂಬರಿಗೆ ಸಿನಿಮಾ ನಿಷ್ಠವಾಗಿದೆಯೇ ಎಂಬ ಪ್ರಶ್ನೆಯಲ್ಲೇ ನನ್ನ ವಿಭಾಗದ ಅರ್ಧ ವಿಚಾರ ಸಂಕಿರಣಗಳು ಮುಗಿಯುತ್ತವೆ. ನಾಗರವೋ ಕೇರೆಯೋ ಎಂದು ಹಾವಿನ ಜಾತಿ ಹುಡುಕುವವರು ಯಾರೂ, ಅಲಮೇಲುವಿಗೆ ಕಚ್ಚಿದ್ದು ಯಾವುದು ಎಂದು ಕೇಳಲಿಲ್ಲ.

ಒಂದು ಆಕ್ಷೇಪ ಬರುತ್ತದೆ, ಅದನ್ನು ನಾನೇ ಹೇಳಿಬಿಡುತ್ತೇನೆ. ಸಿನಿಮಾ ಮೇಷ್ಟ್ರನ್ನು ಪ್ರಶ್ನಿಸುತ್ತದಲ್ಲ? ಅಲಮೇಲುವಿನ ಗತಿ ಕಂಡ ರಾಮಾಚಾರಿ ಎರಡನೆಯ ಸಲ ಗುರುವಿನ ಮಾತಿಗೆ ಎದುರಾಡುತ್ತಾನಲ್ಲ? ನಿಜ. ಪುಟ್ಟಣ್ಣನವರಿಗೆ ಗೊತ್ತಿತ್ತು. ‘ಗೆಜ್ಜೆಪೂಜೆ’, ‘ಶರಪಂಜರ’ ತೆಗೆದವರಿಗೆ ಗೊತ್ತಿಲ್ಲದೆ ಇರುತ್ತದೆಯೇ? ‘ಶರಪಂಜರ’ದಲ್ಲಿ ಕಾವೇರಿಯ ಹುಚ್ಚಿಗೆ ಯಾರು ಹೊಣೆ ಎಂದು ಅವರು ಎಲ್ಲಿಯೂ ಮರೆಮಾಚಲಿಲ್ಲ. ‘ನಾಗರಹಾವಿ’ನಲ್ಲೂ ಪ್ರಶ್ನೆಯನ್ನು ಬೆಟ್ಟದ ತುದಿಯವರೆಗೆ ತಂದರು. ಆದರೆ ಉತ್ತರ ಬರಬೇಕಾದ ಕ್ಷಣದಲ್ಲೇ ಮೇಷ್ಟ್ರು ಬಿದ್ದರು. ಸತ್ತವರ ಮೇಲೆ ಯಾರು ಆಪಾದನೆ ಹೊರಿಸುತ್ತಾರೆ? ಆ ಒಂದು ಬೀಳುವಿಕೆಯಲ್ಲಿ ಆರೋಪಿ ಹುತಾತ್ಮನಾದ, ದೂರು ಕೊಟ್ಟವನು ಕೊಲೆಗಾರನಾದ. ಪ್ರಶ್ನೆ ಕೇಳಿದ್ದಕ್ಕೆ ಶಿಕ್ಷೆಯಾಗಿ ತಾನೂ ಹಾರಿದ, ಮಾರ್ಗರೆಟ್‌ಳನ್ನೂ ಕರೆದುಕೊಂಡು. ಅವಳು ಮಾಡಿದ ತಪ್ಪೇನು ಎಂದು ಇವತ್ತಿನವರೆಗೂ ನನಗೆ ಯಾರೂ ಹೇಳಿಲ್ಲ.

2018ರ ಜುಲೈನಲ್ಲಿ ‘ನಾಗರಹಾವು’ ಹೊಸ ತಂತ್ರಜ್ಞಾನದಲ್ಲಿ ಮತ್ತೆ ತೆರೆಕಂಡಾಗ ಅಪ್ಪ ನಮ್ಮನ್ನೆಲ್ಲ ಕರೆದುಕೊಂಡು ಹೋಗಿದ್ದರು. ಹುಡುಗನಾಗಿದ್ದಾಗ ತುಮಕೂರು ಕಡೆಯ ಟೆಂಟಿನಲ್ಲಿ ನೆಲದ ಮೇಲೆ ಕೂತು ನೋಡಿದ್ದನ್ನು ಈಗ ಏಸಿಯಲ್ಲಿ ತೋರಿಸುವ ಹುಮ್ಮಸ್ಸು. ರಾಮಾಚಾರಿ ಬಂದಾಗ ಶಿಳ್ಳೆ, ಓಬವ್ವನ ಹಾಡಿಗೆ ಚಪ್ಪಾಳೆ, ಜಲೀಲನಿಗೆ ಕೂಗು. ಮೇಷ್ಟ್ರು ಶಿಷ್ಯನಿಗೆ ಬುದ್ಧಿ ಹೇಳುವ ದೃಶ್ಯದಲ್ಲಿ ಇಡೀ ಥಿಯೇಟರ್ ಮೌನ. ಆಗ ಅದು ಗೌರವ ಅಂದುಕೊಂಡಿದ್ದೆ. ಈಗ ಅನ್ನಿಸುತ್ತದೆ, ಅದು ಒಪ್ಪಿಗೆ.

ಇನ್ನು ನಮ್ಮ ಮನೆಗೆ ಬಂದ ಮೇಷ್ಟ್ರ ವಿಷಯ. ಈ ಲೇಖನದಲ್ಲಿ ಹೆಸರು ಹೇಳಬೇಕು ಎಂದು ಇಷ್ಟು ಹೊತ್ತು ವಾದಿಸಿ ನನ್ನದನ್ನೇ ಮುಚ್ಚಿಟ್ಟರೆ ಸರಿಯಲ್ಲ. ನಾನು ಲಿಂಗಾಯತರ ಮನೆಯ ಹುಡುಗಿ. ನಾನು ಮದುವೆಯಾಗಬೇಕೆಂದಿರುವವನು ಮಾದಿಗರ ಮನೆಯ ಹುಡುಗ, ನನ್ನ ಹಾಗೆಯೇ ಸಂಶೋಧನಾ ವಿದ್ಯಾರ್ಥಿ. ಮನೆಯಲ್ಲಿ ಹೇಳಿದಾಗ ಅಪ್ಪ ಕೂಗಾಡಲಿಲ್ಲ, ಹೊಡೆಯಲಿಲ್ಲ. ಮಾತು ಬಿಟ್ಟರು. ಮೂರು ವಾರದ ನಂತರ ಒಂದು ಸಂಜೆ ಶಾಲೆಯಲ್ಲಿ ನನಗೆ ಕನ್ನಡ ಕಲಿಸಿದ ಮೇಷ್ಟ್ರು ಬಂದರು. ನಿವೃತ್ತರಾಗಿ ಕೆಂಗೇರಿ ಉಪನಗರದಲ್ಲಿದ್ದಾರೆ, ಎರಡು ಬಸ್ಸು ಬದಲಿಸಿ ಬಂದಿದ್ದರು. ನಾನು ಕನ್ನಡ ಎಂ.ಎ. ಓದಿದ್ದೇ ಅವರಿಂದ. ಕೈಯಲ್ಲಿ ಬಾಳೆಹಣ್ಣಿನ ಚಿಪ್ಪು, ನನ್ನ ಹಳೆಯ ಪ್ರಬಂಧದ ನೋಟ್‌ಬುಕ್ಕು. ಅಷ್ಟು ವರ್ಷ ಇಟ್ಟುಕೊಂಡಿದ್ದರು.

ಅವರು ಜಾತಿ ಎಂಬ ಪದವನ್ನು ಒಂದು ಸಲವೂ ಎತ್ತಲಿಲ್ಲ. “ಹುಡುಗ ಒಳ್ಳೆಯವನೇ ಇರಬಹುದಮ್ಮ” ಅಂದರು. “ನಿಮ್ಮಪ್ಪ ನಿನ್ನ ಓದಿಸೋಕೆ ಎಷ್ಟು ಕಷ್ಟಪಟ್ಟಿದಾರೆ, ನಿಂಗೆ ಗೊತ್ತಲ್ಲ” ಅಂದರು. “ಪ್ರೀತಿ ದೊಡ್ಡದು ಮಗಳೇ, ತ್ಯಾಗ ಅದಕ್ಕಿಂತ ದೊಡ್ಡದು” ಅಂದರು. ನಾನು ಕೇಳಿದೆ, “ಸರ್, ಯಾವ ಕಾರಣಕ್ಕೆ ತ್ಯಾಗ ಮಾಡಬೇಕು, ಅದನ್ನ ಹೇಳಿ.” ಅವರು ಉಪ್ಪಿಟ್ಟಿನ ತಟ್ಟೆ ನೋಡುತ್ತಾ ಕೂತರು. ಅಮ್ಮ ಕಾಫಿ ತಂದರು. ಹೋಗುವಾಗ ನನ್ನ ತಲೆ ಮೇಲೆ ಕೈಯಿಟ್ಟು ಹೋದರು.

ಅವರು ಕೆಟ್ಟವರಲ್ಲ. ಈ ಮಾತನ್ನು ಒತ್ತಿ ಹೇಳುತ್ತೇನೆ, ಯಾಕೆಂದರೆ ನನ್ನ ವಾದ ನಿಂತಿರುವುದೇ ಇದರ ಮೇಲೆ. ಕತ್ತಿ ಹಿಡಿದು ಬರುವವರು ಬಂದರೆ ಪೊಲೀಸರಿಗೆ ಫೋನ್ ಮಾಡಬಹುದು. ಬಾಳೆಹಣ್ಣು ಹಿಡಿದು ಬರುವವರನ್ನು ಏನು ಮಾಡುವುದು? ನಮ್ಮಲ್ಲಿ ಜಾತಿಯ ಕೆಲಸ ಬಹುಪಾಲು ನಡೆಯುವುದು ಪ್ರೀತಿಯ ಮೂಲಕವೇ. ಋಣದ ನೆನಪು, ತ್ಯಾಗ ಎಂಬ ದೊಡ್ಡ ಪದ, ತಲೆಯ ಮೇಲಿನ ಕೈ. ಅಪ್ಪ ತಾವೇ ಬೇಡ ಎನ್ನಲಾರದೆ ಮೇಷ್ಟ್ರನ್ನು ಕರೆಸಿದರಲ್ಲ, ಆ ಉಪಾಯ ಅವರಿಗೆ ಎಲ್ಲಿಂದ ಹೊಳೆಯಿತು ಎಂದು ನಾನು ಯೋಚಿಸಬೇಕಾಗಿಲ್ಲ. ಅವರು ಆ ಸಿನಿಮಾವನ್ನು ಎಷ್ಟು ಸಲ ನೋಡಿದ್ದಾರೆಂದು ನನಗೆ ಗೊತ್ತು.

ತ್ಯಾಗದ ಈ ಪೂಜೆ ‘ನಾಗರಹಾವಿ’ಗೇ ಮುಗಿದಿಲ್ಲ. 2006ರ ಡಿಸೆಂಬರ್‌ನಲ್ಲಿ ಬಂದ ‘ಮುಂಗಾರು ಮಳೆ’ಯ ಪ್ರೀತಂ ಕೂಡ ತಾನು ಪ್ರೀತಿಸಿದ, ತನ್ನನ್ನು ಪ್ರೀತಿಸಿದ ಹುಡುಗಿಯನ್ನು ಬಿಟ್ಟುಕೊಟ್ಟೇ ದೊಡ್ಡವನಾಗುತ್ತಾನೆ. ಕನ್ನಡದ ಪ್ರೇಮಿ ಒಂದೋ ಸಾಯಬೇಕು, ಇಲ್ಲವೇ ಬಿಡಬೇಕು. ಆಗ ಮಾತ್ರ ಅವನ ಪ್ರೀತಿ ಪವಿತ್ರ. ಮದುವೆಯಾಗಿ, ಬಾಡಿಗೆ ಮನೆ ಹುಡುಕಿ, ಜಗಳವಾಡಿಕೊಂಡು ಬದುಕಿದರೆ ಅದು ಕತೆಯೇ ಅಲ್ಲ.

ಆದರೆ ನಮಗೆ ಬೇರೆ ಪರಂಪರೆಯೂ ಇತ್ತು. ಬಸವೇಶ್ವರನಗರ ಎಂದು ಬಡಾವಣೆಗೆ ಹೆಸರಿಟ್ಟುಕೊಂಡು, ಅಲ್ಲಿಯ ಕಲ್ಯಾಣ ಮಂಟಪಗಳಲ್ಲಿ ಜಾತಕ, ಒಳಪಂಗಡ ನೋಡಿ ಮದುವೆ ಮಾಡುವ ನಾವು ಮರೆತದ್ದು ಅದನ್ನು. ಹನ್ನೆರಡನೆಯ ಶತಮಾನದ ಕಲ್ಯಾಣದಲ್ಲಿ ಸಮಗಾರ ಹರಳಯ್ಯನವರ ಮಗನಿಗೂ ಬ್ರಾಹ್ಮಣರಾಗಿದ್ದ ಮಧುವರಸರ ಮಗಳಿಗೂ ಮದುವೆಯಾಯಿತು. ಆ ಇಬ್ಬರು ತಂದೆಯರನ್ನು ಆನೆಯ ಕಾಲಿಗೆ ಕಟ್ಟಿ ಎಳೆಸಿದರು ಎಂದು ಪರಂಪರೆ ಹೇಳುತ್ತದೆ. ಅದೂ ದುರಂತವೇ. ಆದರೆ ಅದನ್ನು ಹೇಳುವ ಯಾರೂ ಹರಳಯ್ಯನ ಕೋಪ ಕಾರಣ ಎನ್ನುವುದಿಲ್ಲ, ವಿಧಿ ಎನ್ನುವುದಿಲ್ಲ. ಬಿಜ್ಜಳನ ಹೆಸರು ಹೇಳುತ್ತಾರೆ, ವರ್ಣಸಂಕರ ಎಂದು ದೂರು ಹೊತ್ತವರನ್ನು ಹೇಳುತ್ತಾರೆ. ಲಂಕೇಶರ ‘ಸಂಕ್ರಾಂತಿ’, ಕಾರ್ನಾಡರ ‘ತಲೆದಂಡ’, ಶಿವಪ್ರಕಾಶರ ‘ಮಹಾಚೈತ್ರ’ ಆ ನೆನಪನ್ನು ಮತ್ತೆ ಮತ್ತೆ ಕೆದಕಿದವು. ಇನ್ನೊಂದು ಮಾತು: ಆ ಕತೆಯಲ್ಲಿ ಹಿರಿಯರು ಮಕ್ಕಳಿಗೆ ತ್ಯಾಗ ಮಾಡಿ ಎಂದು ಹೇಳಲಿಲ್ಲ. ಮಕ್ಕಳ ಮದುವೆಗಾಗಿ ಹಿರಿಯರು ಸತ್ತರು. ಅಂಥವರ ಫೋಟೋ ಅಲ್ಲವೇ ನಮ್ಮ ಗೋಡೆಯ ಮೇಲೆ ಇರಬೇಕಾದದ್ದು?

ಪ್ರೇಮಿಗಳು ಬದುಕುವ ಕತೆಯೂ ನಮ್ಮಲ್ಲಿದೆ, ದೂರ ಹೋಗಬೇಕಾಗಿಲ್ಲ. ಜ್ಞಾನಭಾರತಿಯ ಪಕ್ಕದ ಮಲ್ಲತ್ತಹಳ್ಳಿಯ ಕಲಾಗ್ರಾಮದಲ್ಲಿ ಸಿ. ಬಸವಲಿಂಗಯ್ಯನವರು ಕುವೆಂಪು ಅವರ ‘ಮಲೆಗಳಲ್ಲಿ ಮದುಮಗಳು’ ಕಾದಂಬರಿಯನ್ನು ರಾತ್ರಿಯಿಡೀ ಆಡಿಸಿದರು. ಕಂಬಳಿ ಹೊದ್ದು, ಚಾಪೆ ಹಿಡಿದು ಜನ ಬೆಳಗಿನವರೆಗೆ ಕೂತು ನೋಡಿದರು. ನಾಯಿಗುತ್ತಿ ತಿಮ್ಮಿಯನ್ನು ಕರೆದುಕೊಂಡು ಕಾಡು ಬೀಳುತ್ತಾನೆ, ಚಿನ್ನಮ್ಮ ತನಗೆ ಬೇಡದ ಮದುವೆಯ ರಾತ್ರಿ ಮನೆಬಿಟ್ಟು ಕಾಡಿಗೆ ನಡೆಯುತ್ತಾಳೆ. ಒಡೆಯರು, ಅಯ್ಯಗಳು, ಹುಲಿ, ಮಳೆ ಎಲ್ಲ ಅಟ್ಟಿಸಿಕೊಂಡು ಬರುತ್ತವೆ. ಗುತ್ತಿಯ ನಾಯಿ ಹುಲಿಯ ತುಂಗೆಯ ಹೊಳೆಯಲ್ಲಿ ಕೊಚ್ಚಿಹೋಗುತ್ತದೆ. ಆದರೆ ಗುತ್ತಿ, ತಿಮ್ಮಿ ದಾಟುತ್ತಾರೆ. 1967ರಲ್ಲಿ ಪ್ರಕಟವಾದ ಕಾದಂಬರಿ ಅದು. ‘ನಾಗರಹಾವು’ ಸಿನಿಮಾಕ್ಕಿಂತ ಐದು ವರ್ಷ ಮೊದಲು ಕನ್ನಡದ ಕಲ್ಪನೆಗೆ ಹೊಳೆ ದಾಟುವುದು ಗೊತ್ತಿತ್ತು ಎಂದಾಯಿತು. ಆ ನಾಟಕವನ್ನು ಮೆಚ್ಚಿ ಬಂದವರು ಮಗಳ ವಿಷಯಕ್ಕೆ ಬಂದಾಗ ಮಾತ್ರ ಚಿತ್ರದುರ್ಗದ ಬೆಟ್ಟ ಹತ್ತುತ್ತಾರೆ.

ಹಾಗಾದರೆ ‘ನಾಗರಹಾವು’ ನೋಡಬಾರದೇ? ನೋಡಬೇಕು. ವಿಷ್ಣುವರ್ಧನ್ ಅವರ ಆ ಕಣ್ಣುಗಳಿಗೆ, ಆರತಿಗೆ, ಶುಭಾಗೆ, ವಿಜಯಭಾಸ್ಕರ್ ಸಂಗೀತಕ್ಕೆ ನೋಡಬೇಕು. ನಾನು ಕೇಳುವುದಿಷ್ಟೇ: ಅಳುವುದಾದರೆ ಅಲಮೇಲುವಿಗಾಗಿ ಅಳಿ. ಶಾಲೆ ಕಾಲೇಜುಗಳಲ್ಲಿ ಗುರುಭಕ್ತಿಯ ಪಾಠವಾಗಿ ಈ ಕತೆಯನ್ನು ಹೇಳುವುದನ್ನು ನಿಲ್ಲಿಸಿ. ಬೇಕಾದರೆ ಗುರುವೊಬ್ಬ ಶಿಷ್ಯನ ನಂಬಿಕೆಯನ್ನು ಜಾತಿಯ ಕೈಗೆ ಕೊಟ್ಟರೆ ಏನಾಗುತ್ತದೆ ಎಂಬ ಪಾಠವಾಗಿ ಹೇಳಿ. ಯಾರಾದರೂ ನಿಮ್ಮನ್ನು ಮಧ್ಯಸ್ಥಿಕೆಗೆ ಕರೆದರೆ, ಹೊರಡುವ ಮೊದಲು ಒಂದು ಪ್ರಶ್ನೆ ಕೇಳಿಕೊಳ್ಳಿ: ಯಾವ ಕಾರಣಕ್ಕೆ ಬೇಡ ಎಂದು ಬಾಯಿಬಿಟ್ಟು ಹೇಳಲು ನನಗೆ ಧೈರ್ಯವಿದೆಯೇ? ಇಲ್ಲದಿದ್ದರೆ ಆ ಮನೆಗೆ ಹೋಗಬೇಡಿ.

1954ರ ವಿಶೇಷ ವಿವಾಹ ಕಾಯ್ದೆಯಡಿ ಮದುವೆಯಾಗುವವರು ಮೊದಲು ನೋಟಿಸ್ ಕೊಡಬೇಕು. ಅದನ್ನು ವಿವಾಹ ನೋಂದಣಿ ಕಚೇರಿಯ ಫಲಕಕ್ಕೆ ಹಚ್ಚುತ್ತಾರೆ. ಮೂವತ್ತು ದಿನ ಯಾರು ಬೇಕಾದರೂ ಆಕ್ಷೇಪಣೆ ಸಲ್ಲಿಸಬಹುದು. ಜಾತಿಯೊಳಗೆ ಮದುವೆಯಾಗಿ ಛತ್ರದಲ್ಲಿ ಊಟ ಹಾಕಿಸುವವರಿಗೆ ಈ ಮೂವತ್ತು ದಿನಗಳ ಕಾಯುವಿಕೆ ಇಲ್ಲ. ಹೀಗೆ ಕಾನೂನು ಕೂಡ ನಮ್ಮ ಮನೆಗೆ ಚಾಮಯ್ಯ ಮೇಷ್ಟ್ರು ಬರಲು ಒಂದು ತಿಂಗಳ ಬಿಡುವು ಮಾಡಿಕೊಟ್ಟಿದೆ. ಆದರೆ ಅಲ್ಲಿ ಒಂದು ಒಳ್ಳೆಯದಿದೆ. ಆಕ್ಷೇಪಿಸುವವರು ಕಾರಣವನ್ನು ಬರೆದುಕೊಡಬೇಕು. ತ್ಯಾಗ ಎಂದು ಬರೆದರೆ ಅಧಿಕಾರಿ ತೆಗೆದುಕೊಳ್ಳುವುದಿಲ್ಲ. ಜಾತಿ ಎಂದು ಬರೆದರೂ ತೆಗೆದುಕೊಳ್ಳುವಂತಿಲ್ಲ.

ನಾವು ನೋಟಿಸ್ ಕೊಡಲಿದ್ದೇವೆ. ಅಪ್ಪನಿಗೆ ಹೇಳಿದ್ದೇನೆ. ಅವರು ಇನ್ನೂ ಸರಿಯಾಗಿ ಮಾತಾಡುತ್ತಿಲ್ಲ. ಮೊನ್ನೆ ಮಾತ್ರ ಲೈಬ್ರರಿಯಿಂದ ತಡವಾಗಿ ಬಂದಾಗ, ಟೀವಿ ಕಡೆ ನೋಡುತ್ತಲೇ ಕೇಳಿದರು: “ಆ ಅಲಮೇಲುಗೆ ಕೊನೆಗೆ ಏನಾಯ್ತು? ಪಿಕ್ಚರ್‌ನಲ್ಲಿ ತೋರಿಸ್ತಾರಾ?” ಇಷ್ಟು ವರ್ಷ ಆ ಸಿನಿಮಾ ನೋಡಿದವರು ಆ ಪ್ರಶ್ನೆ ಕೇಳಿದ್ದು ಅದೇ ಮೊದಲು. ಮತ್ತೆ ಹಾಕಿ ನೋಡೋಣ ಅಪ್ಪ, ಅಂದೆ.